ಪೆರುವಿನ ಕಡಲು ಬಿಸಿಯಾದರೆ ಇಂಡಿ ತಾಲ್ಲೂಕಿನ ತೊಗರಿ ಯಾಕೆ ಒಣಗುತ್ತದೆ?

ಓದುಗರ ಪ್ರಶ್ನೆ: ನಾನು ವಿಜಯಪುರ ಜಿಲ್ಲೆಯ ಇಂಡಿ ತಾಲ್ಲೂಕಿನ ಒಂದು ಸರ್ಕಾರಿ ಶಾಲೆಯಲ್ಲಿ ಕಲಿಸುತ್ತೇನೆ. ಡಿಸೆಂಬರ್‌ನಲ್ಲಿ ಮಕ್ಕಳನ್ನು ಕಾರವಾರಕ್ಕೆ ಪ್ರವಾಸ ಕರೆದುಕೊಂಡು ಹೋಗಿದ್ದೆವು. ಅವರಲ್ಲಿ ಯಾರೂ ಅಲ್ಲಿಯವರೆಗೆ ಸಮುದ್ರ ನೋಡಿರಲಿಲ್ಲ. ಏಳನೇ ತರಗತಿಯ ಹುಡುಗಿಯೊಬ್ಬಳು ‘ಅಕ್ಕೋರ, ಮುಂಜಾನಿಂದ ಒಂದೇ ಸಮ ನೀರು ದಂಡಿಗೆ ಬರಾಕತ್ತೈತಿ, ಮತ್ತ ಸಮುದ್ರ ಯಾಕ ತುಂಬಿ ಮ್ಯಾಲ ಬರವಲ್ದು?’ ಎಂದು ಕೇಳಿದಳು. ನನಗೆ ಉತ್ತರ ಹೊಳೆಯಲಿಲ್ಲ. ನನ್ನದೂ ಒಂದು ಪ್ರಶ್ನೆ ಇದೆ. ನಮ್ಮದು ತೊಗರಿ ಬೆಳೆಯುವ ಮನೆ. ಎಲ್ ನಿನೊ ಬಂದಿದೆ, ಮಳೆ ಕಮ್ಮಿ ಎಂದು ಟಿ.ವಿ.ಯಲ್ಲಿ ಹೇಳುತ್ತಾರೆ. ಎಲ್ಲೋ ಪೆರು ದೇಶದ ಸಮುದ್ರ ಬಿಸಿಯಾದರೆ ನಮ್ಮ ಹೊಲಕ್ಕೆ ಮಳೆ ಯಾಕೆ ಕಮ್ಮಿಯಾಗಬೇಕು? ಅಲೆಗಳೇ ಅಲ್ಲಿಂದ ಆ ಬಿಸಿಯನ್ನು ಇಲ್ಲಿಗೆ ತರುತ್ತವೆಯೇ?

ಉತ್ತರ: ಅಕ್ಕೋರೇ, ಮೊದಲು ನಿಮ್ಮ ವಿದ್ಯಾರ್ಥಿನಿಯ ಪ್ರಶ್ನೆಗೆ ಬರುತ್ತೇನೆ. ಅದು ಬಿಡಿಸಿದರೆ ನಿಮ್ಮ ಪ್ರಶ್ನೆ ಅರ್ಧ ಬಿಡಿಸಿದ ಹಾಗೆ. ದಂಡೆಯ ಕಡೆಗೆ ಬೆಳಗಿನಿಂದ ಓಡಿ ಬರುತ್ತಿದ್ದದ್ದು ಅಲೆ. ಅಲೆ ಶಕ್ತಿಯನ್ನು ಹೊತ್ತು ತರುತ್ತದೆ. ನೀರನ್ನು ಅದು ಹೆಚ್ಚುಕಡಿಮೆ ಇದ್ದಲ್ಲೇ ಬಿಟ್ಟು ಬರುತ್ತದೆ. ನೀರನ್ನು ಒಂದು ಸಮುದ್ರದಿಂದ ಇನ್ನೊಂದಕ್ಕೆ ಸಾಗಿಸುವ ಕೆಲಸ ಸಾಗರ ಪ್ರವಾಹಗಳದ್ದು. ನೀರಿನ ಜೊತೆ ಬಿಸಿಯೂ, ಉಪ್ಪೂ ಅವುಗಳ ಜೊತೆಗೇ ಹೋಗುತ್ತವೆ. ನಿಮ್ಮ ತೊಗರಿಯ ಹಣೆಬರಹ ಬರೆಯುವುದರಲ್ಲಿ ಪಾಲಿರುವುದು ಈ ಪ್ರವಾಹಗಳಿಗೆ.

ಇದನ್ನು ಮಕ್ಕಳಿಗೆ ತೋರಿಸಲು ಕಾರವಾರಕ್ಕೆ ಹೋಗಬೇಕಿಲ್ಲ. ಹಿಂಗಾರಿ ಜೋಳ ತೆನೆ ಕಟ್ಟಿದಾಗ ಹೊಲದ ಬದುವಿನ ಮೇಲೆ ನಿಲ್ಲಿಸಿ. ಗಾಳಿ ಬೀಸಿದಾಗ ಈ ತುದಿಯಿಂದ ಆ ತುದಿಗೆ ಒಂದು ಅಲೆ ಓಡುತ್ತದೆ. ಆದರೆ ಒಂದು ದಂಟೂ ತನ್ನ ಜಾಗ ಬಿಡುವುದಿಲ್ಲ. ಬಾಗುತ್ತದೆ, ಮತ್ತೆ ನೆಟ್ಟಗೆ ನಿಲ್ಲುತ್ತದೆ. ಸಮುದ್ರದ ನೀರೂ ಹೀಗೇ. ಅಲೆ ಬಂದಾಗ ನೀರಿನ ಕಣ ಮೇಲೆದ್ದು, ಸ್ವಲ್ಪ ಮುಂದೆ ಹೋಗಿ, ಕೆಳಗಿಳಿದು, ಹಿಂದಕ್ಕೆ ಬಂದು ಒಂದು ಸುತ್ತು ಮುಗಿಸುತ್ತದೆ. ಆಳವಾದ ಕಡಲಲ್ಲಿ ತೇಲುವ ಕಟ್ಟಿಗೆ ತುಂಡನ್ನು ನೋಡಿದರೆ ಇದು ಗೊತ್ತಾಗುತ್ತದೆ. ಅಲೆ ಅದರ ಕೆಳಗಿನಿಂದ ಹಾದು ಹೋಗುತ್ತದೆ, ತುಂಡು ಅಲ್ಲೇ ಏಳುತ್ತ ಬೀಳುತ್ತ ಇರುತ್ತದೆ. ಸುತ್ತು ಪೂರ್ತಿ ಕೂಡಿಕೊಳ್ಳದೆ ತುಸು ಮುಂದಕ್ಕೆ ಜಾರುವುದೂ ಉಂಟು. ಅದು ಅಲೆಯ ಓಟದ ಮುಂದೆ ತೀರಾ ಸಣ್ಣದು.

ಓಟ ಎಷ್ಟು ಅಂತೀರಾ? ಒಂದು ಅಲೆಯ ನೆತ್ತಿ ಹೋಗಿ ಇನ್ನೊಂದು ಬರಲು 10 ಸೆಕೆಂಡು ಹಿಡಿದರೆ, ಆಳದ ನೀರಿನಲ್ಲಿ ಆ ಅಲೆಗಳ ನಡುವಿನ ಅಂತರ ಸುಮಾರು 156 ಮೀಟರ್. ವೇಗ ಗಂಟೆಗೆ ಸುಮಾರು 56 ಕಿ.ಮೀ. ನೀರು ನಿಜವಾಗಿಯೂ ಈ ವೇಗದಲ್ಲಿ ದಂಡೆಗೆ ನುಗ್ಗುತ್ತಿದ್ದರೆ ಕಾರವಾರ ಉಳಿಯುತ್ತಿರಲಿಲ್ಲ. ಇನ್ನೊಂದು ವಿಷಯ. ಈ ಸುತ್ತಾಟ ಮೇಲ್ಭಾಗದಲ್ಲೇ ಜಾಸ್ತಿ. ಎರಡು ಅಲೆಗಳ ಅಂತರದ ಅರ್ಧದಷ್ಟು ಆಳಕ್ಕೆ ಇಳಿದರೆ ಹೆಚ್ಚುಕಡಿಮೆ ನಿಂತೇ ಹೋಗುತ್ತದೆ. ಮೇಲೆ ಬಿರುಗಾಳಿ ಇದ್ದರೂ ಸಬ್‌ಮರೀನು ಕೆಳಗೆ ಅಲುಗಾಡದೆ ಸಾಗುವುದು ಇದೇ ಕಾರಣಕ್ಕೆ.

ದಂಡೆಯ ಹತ್ತಿರ ಮಾತ್ರ ಕತೆ ಬೇರೆ, ಮತ್ತು ಇಲ್ಲಿ ಹುಡುಗಿ ಹೇಳಿದ್ದರಲ್ಲಿ ಸತ್ಯ ಇದೆ. ಆಳ ಕಡಿಮೆಯಾದಂತೆ ಅಲೆಯ ಬುಡ ನೆಲಕ್ಕೆ ತಾಗುತ್ತದೆ. ವೇಗ ಇಳಿಯುತ್ತದೆ, ಎತ್ತರ ಏರುತ್ತದೆ. ಅಲೆಯ ಎತ್ತರ ನೀರಿನ ಆಳದ ಮುಕ್ಕಾಲು ಪಾಲು ದಾಟಿದಾಗ ನೆತ್ತಿ ಮುಂದಕ್ಕೆ ಮಗುಚಿ ನೊರೆಯಾಗಿ ಒಡೆಯುತ್ತದೆ. ಆಮೇಲೆ ನೀರೇ ದಂಡೆಗೆ ನುಗ್ಗುತ್ತದೆ. ದಂಡೆಯ ಬಳಿ ನೀರಿನ ಮಟ್ಟ ತುಸು ಏರುತ್ತದೆ ಕೂಡ. ಆದರೆ ಏರಿದ ನೀರು ಅಲ್ಲೇ ಕೂರುವುದಿಲ್ಲ. ಕೆಳಗಿನಿಂದ, ಪಕ್ಕದಿಂದ, ಎಲ್ಲಿ ದಾರಿ ಸಿಗುತ್ತದೋ ಅಲ್ಲಿಂದ ಕಡಲಿಗೆ ವಾಪಸ್ ಹೋಗುತ್ತದೆ. ಬಂದಷ್ಟೇ ಹೋಗುತ್ತದೆ. ಅದಕ್ಕೇ ಸಮುದ್ರ ತುಂಬಿ ಮೇಲೆ ಬರುವುದಿಲ್ಲ ಎಂದು ಆ ಹುಡುಗಿಗೆ ಹೇಳಿ.

ಈ ವಾಪಸ್ ಹೋಗುವ ನೀರಿನ ಬಗ್ಗೆ ಸ್ವಲ್ಪ ನಿಂತು ಹೇಳಬೇಕು. ನಮ್ಮ ಬೆಳಗಾವಿ, ವಿಜಯಪುರ, ಬಾಗಲಕೋಟೆ ಜಿಲ್ಲೆಗಳಿಂದ ಗೋವಾ, ಕಾರವಾರ, ಗೋಕರ್ಣ, ಮಹಾರಾಷ್ಟ್ರದ ಮಾಲವಣಕ್ಕೆ ಪ್ರವಾಸ ಹೋಗುವವರಿಗೆ ಇದು ಗೊತ್ತಿರಲೇಬೇಕು. ವಾಪಸ್ ಹೋಗುವ ನೀರು ಕೆಲವು ಕಡೆ ಒಂದು ಕಿರಿದಾದ ದಾರಿ ಮಾಡಿಕೊಂಡು ಜೋರಾಗಿ ಕಡಲಿನತ್ತ ಹರಿಯುತ್ತದೆ. ನಮ್ಮ ಹೊಳೆಗಳಲ್ಲಿ ನಾವು ಸೆಳವು ಅನ್ನುತ್ತೇವಲ್ಲ, ಇದು ಕಡಲ ಸೆಳವು. ಇದರ ವೇಗ ಒಮ್ಮೊಮ್ಮೆ ಸೆಕೆಂಡಿಗೆ 2 ಮೀಟರ್ ಮುಟ್ಟುತ್ತದೆ. ಒಲಿಂಪಿಕ್ ಈಜುಗಾರರ ವೇಗವೂ ಅಷ್ಟೇ. ಎದುರು ಈಜಿ ಗೆಲ್ಲುವುದು ಯಾರಿಂದಲೂ ಆಗದ ಮಾತು.

ಇದರಲ್ಲಿ ಮೋಸ ಏನೆಂದರೆ, ಸೆಳವು ಇರುವ ಜಾಗ ನೋಡಲು ಶಾಂತವಾಗಿ ಕಾಣುತ್ತದೆ. ಎರಡೂ ಪಕ್ಕದಲ್ಲಿ ಅಲೆ ಒಡೆಯುತ್ತಿರುತ್ತದೆ, ನಡುವೆ ಒಂದು ಪಟ್ಟಿಯಲ್ಲಿ ಮಾತ್ರ ನೊರೆ ಇರುವುದಿಲ್ಲ, ನೀರು ತುಸು ಕಪ್ಪಗಿರುತ್ತದೆ. ಅಲೆ ಇಲ್ಲ, ಇಲ್ಲೇ ಇಳಿಯೋಣ ಎಂದು ಮಕ್ಕಳು ಇಳಿಯುವುದು ಅಲ್ಲೇ. ಸಿಕ್ಕಿಕೊಂಡರೆ ದಂಡೆಯ ಕಡೆ ಈಜಬಾರದು. ಸೆಳವು ಯಾರನ್ನೂ ಕೆಳಗೆ ಎಳೆಯುವುದಿಲ್ಲ, ದೂರಕ್ಕೆ ಒಯ್ಯುತ್ತದೆ ಅಷ್ಟೇ. ಜನ ಸಾಯುವುದು ದಣಿದು. ತೇಲಿಕೊಂಡು ಉಸಿರು ಉಳಿಸಿಕೊಳ್ಳಬೇಕು. ಕೈ ಎತ್ತಿ ಸಹಾಯ ಕೇಳಬೇಕು. ಈಜು ಬಂದರೆ ದಂಡೆಗೆ ಸಮಾನಾಂತರವಾಗಿ ಪಕ್ಕಕ್ಕೆ ಈಜಿ, ಸೆಳವು ದಾಟಿದ ಮೇಲೆ ಅಲೆ ಒಡೆಯುವ ಕಡೆಯಿಂದ ದಂಡೆಗೆ ಬರಬೇಕು. ಈಜು ಬಾರದ ಮಕ್ಕಳಿಗೆ ನೀರು ಮೊಣಕಾಲಿನವರೆಗೆ ಸಾಕು. 2017ರ ಏಪ್ರಿಲ್‌ನಲ್ಲಿ ಮಾಲವಣದ ಕಡಲಲ್ಲಿ ಬೆಳಗಾವಿಯ ಎಂಜಿನಿಯರಿಂಗ್ ಕಾಲೇಜೊಂದರ ತಂಡದ ಎಂಟು ಮಂದಿ ಮುಳುಗಿ ತೀರಿಕೊಂಡರು. ಬೆಳಗಾವಿಯಲ್ಲಿ ಆ ದಿನ ಮರೆತವರಿಲ್ಲ. ಪ್ರವಾಸ ಹೋಗುವ ಮೊದಲು ಶಾಲೆಯಲ್ಲಿ ಅರ್ಧ ಗಂಟೆ ಈ ಪಾಠ ಮಾಡಿ ಎಂದು ನಾನು ಎಲ್ಲ ಮಾಸ್ತರರಿಗೂ ಅಕ್ಕೋರಿಗೂ ಕೈಮುಗಿದು ಕೇಳುತ್ತೇನೆ.

ಇನ್ನು, ಆ ಅಲೆಗಳು ಹುಟ್ಟಿದ್ದೆಲ್ಲಿ? ಗಾಳಿಯಲ್ಲಿ. ಗಾಳಿಯ ವೇಗ, ಅದು ಎಷ್ಟು ಹೊತ್ತು ಬೀಸಿತು, ಎಷ್ಟು ದೂರದ ನೀರಿನ ಮೇಲೆ ತಡೆ ಇಲ್ಲದೆ ಬೀಸಿತು, ಈ ಮೂರರ ಮೇಲೆ ಅಲೆಯ ಗಾತ್ರ ನಿಂತಿದೆ. ಆಲಮಟ್ಟಿ ಹಿನ್ನೀರಿನ ಮೇಲೆ ಎಷ್ಟೇ ಗಾಳಿ ಬೀಸಿದರೂ ಕಡಲಿನಂಥ ಅಲೆ ಏಳದಿರುವುದು ಯಾಕೆಂದರೆ ಅಲ್ಲಿ ಗಾಳಿಗೆ ಓಡಲು ಜಾಗ ಸಾಲದು. ಡಿಸೆಂಬರ್‌ನಲ್ಲಿ ನೀವು ಕಂಡ ಕಾರವಾರದ ಕಡಲು ಸೌಮ್ಯ. ಮುಂಗಾರಿನಲ್ಲಿ ಅದೇ ಕರಾವಳಿಯಾಚೆ ಅಲೆ 3–4 ಮೀಟರ್ ಏಳುತ್ತದೆ.

ಆದರೆ ನಮ್ಮ ಪಶ್ಚಿಮ ಕರಾವಳಿಗೆ ಬರುವ ಎಲ್ಲ ಅಲೆಗಳೂ ಇಲ್ಲಿಯ ಗಾಳಿಯ ಮಕ್ಕಳಲ್ಲ. ಭೂಮಧ್ಯರೇಖೆಯ ಆಚೆ, ಅಂಟಾರ್ಕ್ಟಿಕಾದ ಸುತ್ತಲಿನ ದಕ್ಷಿಣ ಸಾಗರದಲ್ಲಿ ವರ್ಷವಿಡೀ ಬಿರುಗಾಳಿ. ಅಲ್ಲಿ ಎದ್ದ ಉದ್ದನೆಯ ಅಲೆಗಳ ಗುಂಪು ದಿನಕ್ಕೆ ಸುಮಾರು 1000 ಕಿ.ಮೀ. ಸಾಗುತ್ತ ಐದಾರು ದಿನಗಳಲ್ಲಿ ನಮ್ಮ ಕರಾವಳಿ ಮುಟ್ಟುತ್ತದೆ. ಇಷ್ಟು ದೂರ ಅಲೆ ಬದುಕುತ್ತದಾ ಎಂಬ ಅನುಮಾನ ವಿಜ್ಞಾನಿಗಳಿಗೂ ಇತ್ತು. 1963ರಲ್ಲಿ ಅಮೆರಿಕದ ವಾಲ್ಟರ್ ಮಂಕ್ ಮತ್ತು ಜತೆಗಾರರು ನ್ಯೂಜಿಲೆಂಡ್‌ನಿಂದ ಅಲಾಸ್ಕಾವರೆಗೆ ಸಾಲಾಗಿ ಉಪಕರಣ ಇಟ್ಟು ಕಾದರು. ಅಂಟಾರ್ಕ್ಟಿಕಾ ಕಡೆಯ ಬಿರುಗಾಳಿಯ ಅಲೆಗಳು ಶಾಂತಸಾಗರವನ್ನು ಉದ್ದಕ್ಕೂ ದಾಟಿ ಅಲಾಸ್ಕಾ ಮುಟ್ಟಿದ್ದನ್ನು ಅಳೆದು ತೋರಿಸಿದರು. ಕೇರಳದ ಮೀನುಗಾರರಿಗೆ ಇಂಥ ಅಲೆಗಳ ಪರಿಚಯ ಚೆನ್ನಾಗಿದೆ. ಗಾಳಿ ಇಲ್ಲ, ಮಳೆ ಇಲ್ಲ, ಸ್ವಚ್ಛ ಬಿಸಿಲಲ್ಲಿ ಕಡಲು ಇದ್ದಕ್ಕಿದ್ದಂತೆ ಮನೆಯೊಳಗೆ ನುಗ್ಗುತ್ತದೆ. ಅವರು ಅದನ್ನು ಕಳ್ಳಕ್ಕಡಲ್ ಎನ್ನುತ್ತಾರೆ. ಈಗ ಹೈದರಾಬಾದಿನಲ್ಲಿರುವ ಭಾರತೀಯ ರಾಷ್ಟ್ರೀಯ ಸಾಗರ ಮಾಹಿತಿ ಸೇವಾ ಕೇಂದ್ರ, ಅಂದರೆ ಇನ್‌ಕಾಯಿಸ್, ಇದರ ಮುನ್ನೆಚ್ಚರಿಕೆ ಕೊಡುತ್ತದೆ. ಕರ್ನಾಟಕದ ಕರಾವಳಿಗೂ ಕೊಡುತ್ತದೆ. ಪ್ರವಾಸಕ್ಕೆ ಹೊರಡುವ ಹಿಂದಿನ ದಿನ ಅದನ್ನೊಮ್ಮೆ ನೋಡುವ ಅಭ್ಯಾಸ ಇಟ್ಟುಕೊಳ್ಳಿ.

ಭರತ ಇಳಿತವೂ ಒಂದು ಬಗೆಯ ಅಲೆಯೇ. ಅದನ್ನು ಎಬ್ಬಿಸುವುದು ಚಂದ್ರ ಮತ್ತು ಸೂರ್ಯ. ಕಾರವಾರದಲ್ಲಿ ನೀರಿನ ಏರಿಳಿತ ಹೆಚ್ಚೆಂದರೆ ಎರಡು ಮೀಟರಿನ ಆಸುಪಾಸು, ಗುಜರಾತಿನ ಖಂಭಾತ್ ಕೊಲ್ಲಿಯಲ್ಲಿ 10 ಮೀಟರಿಗೂ ಜಾಸ್ತಿ. ಸುನಾಮಿಯನ್ನು ಎಬ್ಬಿಸುವುದು ಕಡಲ ತಳದ ನೆಲ. ಅದರಲ್ಲಿ ಮೇಲಿನಿಂದ ತಳದವರೆಗೆ ಇಡೀ ನೀರೇ ಅಲುಗುತ್ತದೆ. 4 ಕಿ.ಮೀ. ಆಳದ ಕಡಲಲ್ಲಿ ಅದು ಗಂಟೆಗೆ 700 ಕಿ.ಮೀ. ವೇಗದಲ್ಲಿ ಓಡುತ್ತದೆ. ಇವೆರಡನ್ನೂ ಇಷ್ಟಕ್ಕೇ ಬಿಟ್ಟು, ನಿಮ್ಮ ಹೊಲಕ್ಕೆ ಸಂಬಂಧಿಸಿದ ವಿಷಯಕ್ಕೆ ಬರುತ್ತೇನೆ.

ಸಾಗರ ಪ್ರವಾಹ ಅಂದರೆ ನೀರೇ ಎದ್ದು ನಡೆಯುವುದು. ಮೇಲ್ಭಾಗದ ಪ್ರವಾಹಗಳನ್ನು ನಡೆಸುವುದು ಮುಖ್ಯವಾಗಿ ಗಾಳಿ. ದಿನಗಟ್ಟಲೆ, ತಿಂಗಳುಗಟ್ಟಲೆ ಒಂದೇ ದಿಕ್ಕಿನಲ್ಲಿ ಬೀಸುವ ಗಾಳಿ ನೀರನ್ನು ತಳ್ಳುತ್ತ ಹೋಗುತ್ತದೆ. ಆದರೆ ಭೂಮಿ ತಿರುಗುತ್ತಿರುವುದರಿಂದ ನೀರು ಗಾಳಿಯ ದಿಕ್ಕಿಗೇ ಹೋಗುವುದಿಲ್ಲ. ನಾರ್ವೆಯ ಫ್ರಿಡ್ಚೊಫ್ ನಾನ್ಸೆನ್ 1893ರಿಂದ 1896ರವರೆಗೆ ತನ್ನ ಹಡಗನ್ನು ಬೇಕೆಂದೇ ಉತ್ತರ ಧ್ರುವದ ಹಿಮದಲ್ಲಿ ಸಿಕ್ಕಿಸಿ ತೇಲಲು ಬಿಟ್ಟರು. ಹಿಮ ಗಾಳಿಯ ದಿಕ್ಕಿಗಿಂತ ಬಲಕ್ಕೆ ಸರಿಯುತ್ತಿತ್ತು. ಇದಕ್ಕೆ ಲೆಕ್ಕ ಕೊಟ್ಟವರು ಸ್ವೀಡನ್ನಿನ ಎಕ್‌ಮನ್, 1905ರಲ್ಲಿ. ಮೇಲಿನ ಪದರ ತುಸು ಬಲಕ್ಕೆ, ಅದರ ಕೆಳಗಿನದು ಇನ್ನೂ ಬಲಕ್ಕೆ, ಹೀಗೆ ಇಳಿದಂತೆ ತಿರುಗುತ್ತ ಹೋಗಿ, ಒಟ್ಟು ನೀರಿನ ಸಾಗಾಟ ಗಾಳಿಗೆ ಲಂಬವಾಗಿ ಬಲಕ್ಕೆ ಆಗುತ್ತದೆ. ಭೂಮಧ್ಯರೇಖೆಯ ದಕ್ಷಿಣಕ್ಕೆ ಹೋದರೆ ಎಡಕ್ಕೆ.

ಒಣ ಲೆಕ್ಕದ ಹಾಗೆ ಕಾಣುವ ಈ ಸಂಗತಿಯೇ ಬೆಳಗಾವಿಯ ಮಾರುಕಟ್ಟೆಗೆ ಬಂಗುಡೆ ತರುತ್ತದೆ. ಮುಂಗಾರಿನ ತಿಂಗಳುಗಳಲ್ಲಿ ನಮ್ಮ ಕರಾವಳಿಯ ಉದ್ದಕ್ಕೂ ದಕ್ಷಿಣದತ್ತ ಗಾಳಿಯ ತಳ್ಳಾಟ ಇರುತ್ತದೆ. ಅದರ ಬಲಕ್ಕೆ ಎಂದರೆ ಪಶ್ಚಿಮಕ್ಕೆ, ದಂಡೆಯಿಂದ ಆಚೆಗೆ. ಮೇಲಿನ ನೀರು ಆಚೆ ಸರಿದಾಗ ಆ ಜಾಗಕ್ಕೆ ಕೆಳಗಿನ ತಣ್ಣನೆಯ, ಪೋಷಕಾಂಶ ತುಂಬಿದ ನೀರು ಏರಿ ಬರುತ್ತದೆ. ಅದರಲ್ಲಿ ಕಣ್ಣಿಗೆ ಕಾಣದಷ್ಟು ಸಣ್ಣ ಸಸ್ಯಗಳು ಬೆಳೆಯುತ್ತವೆ. ಅವನ್ನು ಆಶ್ರಯಿಸಿ ಭೂತಾಯಿ, ಬಂಗುಡೆ ಮೀನುಗಳು.

ದೊಡ್ಡ ಸಾಗರಗಳಲ್ಲಿ ಗಾಳಿ ಮತ್ತು ಭೂಮಿಯ ತಿರುಗಾಟ ಸೇರಿ ನೀರನ್ನು ಭಾರೀ ಚಕ್ರಗಳಲ್ಲಿ ಸುತ್ತಿಸುತ್ತವೆ. ಇಂಥ ಐದು ದೊಡ್ಡ ಸುತ್ತುಗಳಿವೆ. ಅದರಲ್ಲೊಂದು ಹಿಂದೂ ಮಹಾಸಾಗರದ ದಕ್ಷಿಣ ಭಾಗದಲ್ಲಿದೆ. 2014ರ ಮಾರ್ಚ್‌ನಲ್ಲಿ ಕಾಣೆಯಾದ ಮಲೇಷ್ಯಾದ ವಿಮಾನದ ರೆಕ್ಕೆಯ ತುಂಡು 2015ರ ಜುಲೈನಲ್ಲಿ ಆಫ್ರಿಕಾ ಕಡೆಯ ರಿಯೂನಿಯನ್ ದ್ವೀಪದ ದಂಡೆಗೆ ಬಂದು ಬಿದ್ದದ್ದು ನೆನಪಿದೆ ಅಲ್ವಾ? ಅದನ್ನು ಸಾವಿರಾರು ಕಿ.ಮೀ. ಹೊತ್ತು ತಂದದ್ದು ಈ ಸುತ್ತಿನ ಪಶ್ಚಿಮದತ್ತ ಹರಿಯುವ ಭಾಗ.

ಇವುಗಳ ಗಾತ್ರ ನಮ್ಮ ಅಳತೆಯಲ್ಲಿ ಹೇಳಿದರೆ ಮಕ್ಕಳಿಗೆ ತಿಳಿಯುತ್ತದೆ. ಅಟ್ಲಾಂಟಿಕ್‌ನಲ್ಲಿ ಅಮೆರಿಕದ ಫ್ಲೋರಿಡಾ ದಂಡೆಗುಂಟ ಹರಿಯುವ ಗಲ್ಫ್ ಸ್ಟ್ರೀಮ್ ಸೆಕೆಂಡಿಗೆ ಸುಮಾರು 3 ಕೋಟಿ ಘನ ಮೀಟರ್ ನೀರು ಸಾಗಿಸುತ್ತದೆ. ಖಾಲಿ ಆಲಮಟ್ಟಿ ಜಲಾಶಯದ 123 ಟಿ.ಎಂ.ಸಿ. ತುಂಬಲು ಅದಕ್ಕೆ ಎರಡು ನಿಮಿಷ ಸಾಕು. ಮುಂದೆ ಉತ್ತರಕ್ಕೆ ಹೋದಂತೆ ಅದು ಇನ್ನೂ ಹಲವು ಪಟ್ಟು ದೊಡ್ಡದಾಗುತ್ತದೆ. ಜಗತ್ತಿನ ಎಲ್ಲ ನದಿಗಳೂ ಸೇರಿ ಕಡಲಿಗೆ ಸುರಿಯುವ ನೀರು ಸೆಕೆಂಡಿಗೆ ಸುಮಾರು 12 ಲಕ್ಷ ಘನ ಮೀಟರ್ ಮಾತ್ರ.

ಈಗ ನಮ್ಮ ಕಡಲು. ಹಿಂದೂ ಮಹಾಸಾಗರದ ಉತ್ತರಕ್ಕೆ ಏಷ್ಯಾದ ನೆಲ ಅಡ್ಡ ಕೂತಿದೆ. ಬೇಸಿಗೆಯಲ್ಲಿ ನೆಲ ಕಾದಾಗ ಗಾಳಿ ಕಡಲಿನಿಂದ ನೆಲಕ್ಕೆ, ಚಳಿಗಾಲದಲ್ಲಿ ನೆಲದಿಂದ ಕಡಲಿಗೆ. ಗಾಳಿ ತಿರುಗಿದಾಗ ಪ್ರವಾಹವೂ ತಿರುಗುತ್ತದೆ. ಇಷ್ಟು ದೊಡ್ಡ ಪ್ರಮಾಣದಲ್ಲಿ ವರ್ಷಕ್ಕೆರಡು ಸಲ ದಿಕ್ಕು ಬದಲಿಸುವ ಪ್ರವಾಹಗಳು ಬೇರೆ ಯಾವ ಸಾಗರದಲ್ಲೂ ಇಲ್ಲ. ಆಫ್ರಿಕಾದ ಸೊಮಾಲಿಯಾ ಕರಾವಳಿಯ ಪ್ರವಾಹ ಮುಂಗಾರಿನಲ್ಲಿ ಉತ್ತರಕ್ಕೆ ಸೆಕೆಂಡಿಗೆ 2 ಮೀಟರಿಗೂ ಹೆಚ್ಚು ವೇಗದಲ್ಲಿ ನುಗ್ಗುತ್ತದೆ, ಚಳಿಗಾಲದಲ್ಲಿ ದಕ್ಷಿಣಕ್ಕೆ ತಿರುಗುತ್ತದೆ. ನಮ್ಮ ಪಶ್ಚಿಮ ಕರಾವಳಿಯ ಹರಿವು ಇದಕ್ಕೆ ಉಲ್ಟಾ. ಮುಂಗಾರಿನಲ್ಲಿ ದಕ್ಷಿಣಕ್ಕೆ, ಚಳಿಗಾಲದಲ್ಲಿ ಉತ್ತರಕ್ಕೆ. ನೀವು ಡಿಸೆಂಬರ್‌ನಲ್ಲಿ ಕಾರವಾರದಲ್ಲಿ ನಿಂತಾಗ ಎದುರಿನ ಕಡಲು ಗೋವಾ ಕಡೆಗೆ ಸಾಗುತ್ತಿತ್ತು. ಅಲೆಗಳು ದಂಡೆಗೆ ಬರುತ್ತಿದ್ದವು, ನೀರು ದಂಡೆಗುಂಟ ಉತ್ತರಕ್ಕೆ ಹೋಗುತ್ತಿತ್ತು. ಕಣ್ಣಿಗೆ ಕಂಡದ್ದು ಅಲೆ ಮಾತ್ರ.

ಆ ನೀರು ಎಲ್ಲಿಂದ ಬಂತು ಎಂಬುದು ನನಗೆ ಬಹಳ ಇಷ್ಟವಾದ ವಿಷಯ. ಅದಕ್ಕೆ ಮಲಪ್ರಭೆಯಿಂದ ಶುರು ಮಾಡುತ್ತೇನೆ. ಖಾನಾಪುರ ತಾಲ್ಲೂಕಿನ ಕಣಕುಂಬಿಯಲ್ಲಿ ಮಲಪ್ರಭೆ ಹುಟ್ಟುತ್ತದೆ. ಅಲ್ಲಿಂದ ಪಶ್ಚಿಮಕ್ಕೆ 50 ಕಿ.ಮೀ. ಆಸುಪಾಸಿನಲ್ಲಿ ಅರಬ್ಬೀ ಸಮುದ್ರ. ಆದರೆ ಹೊಳೆ ಪೂರ್ವಕ್ಕೆ ಹೊರಡುತ್ತದೆ. ನವಿಲುತೀರ್ಥ ದಾಟಿ, ಕೂಡಲಸಂಗಮದಲ್ಲಿ ಕೃಷ್ಣೆಗೆ ಸೇರಿ, ತೆಲಂಗಾಣ, ಆಂಧ್ರ ಹಾದು ಬಂಗಾಳ ಕೊಲ್ಲಿ ಮುಟ್ಟುತ್ತದೆ. ದಾರಿಯಲ್ಲಿ ಅಣೆಕಟ್ಟು, ಕಾಲುವೆಗಳಿಗೆ ಹೋಗಿ ಉಳಿದದ್ದು ಮುಟ್ಟುತ್ತದೆ ಅನ್ನಿ. ಬಂಗಾಳ ಕೊಲ್ಲಿಗೆ ಗಂಗೆ, ಬ್ರಹ್ಮಪುತ್ರ, ಐರಾವತಿ, ಮಹಾನದಿ, ಗೋದಾವರಿ ಎಲ್ಲವೂ ಬೀಳುತ್ತವೆ. ಮಳೆಯೂ ಅಲ್ಲಿ ಜೋರು. ಹಾಗಾಗಿ ಅದರ ಮೇಲ್ಪದರದಲ್ಲಿ ಉಪ್ಪು ಕಡಿಮೆ. ನವೆಂಬರ್ ಹೊತ್ತಿಗೆ ಅಲ್ಲಿಯ ಕರಾವಳಿ ಹರಿವು ದಕ್ಷಿಣಕ್ಕೆ ತಿರುಗಿ, ಈ ಉಪ್ಪು ಕಡಿಮೆಯ ನೀರನ್ನು ಶ್ರೀಲಂಕಾ ಸುತ್ತಿಸಿ, ಅರಬ್ಬೀ ಸಮುದ್ರಕ್ಕೆ ತಂದು, ನಮ್ಮ ಪಶ್ಚಿಮ ಕರಾವಳಿಗುಂಟ ಮೇಲಕ್ಕೆ ಒಯ್ಯುತ್ತದೆ. ಗೋವಾದ ದೋನಾ ಪಾವ್ಲಾದಲ್ಲಿರುವ ರಾಷ್ಟ್ರೀಯ ಸಾಗರ ವಿಜ್ಞಾನ ಸಂಸ್ಥೆಯ ವಿಜ್ಞಾನಿಗಳು ಈ ಹರಿವುಗಳನ್ನು ದಶಕಗಳ ಕಾಲ ಅಳೆದು ತಿಳಿಸಿದ್ದಾರೆ. ಬೆಳಗಾವಿಯಿಂದ ನಾಲ್ಕು ಗಂಟೆಯ ದಾರಿಯಲ್ಲಿ ಇಂಥ ಸಂಸ್ಥೆ 1966ರಿಂದ ಇದೆ ಎಂಬುದು ನಮ್ಮ ಎಷ್ಟೋ ಶಾಲೆಗಳಿಗೆ ಗೊತ್ತಿಲ್ಲ.

ಉಪ್ಪು ಕಡಿಮೆ ಇದ್ದರೆ ಏನಾಯಿತು ಅಂತ ನೀವು ಕೇಳಬಹುದು. ವಿಜಯಪುರದ ಮಳೆಗೆ ಕಡಲು ಕಟ್ಟಿದ ಗಂಟು ಇರುವುದೇ ಇಲ್ಲಿ. ಉಪ್ಪು ಕಡಿಮೆಯ ನೀರು ಹಗುರ. ಅದು ಮೇಲೆ ತೆಳ್ಳನೆಯ ಪದರವಾಗಿ ನಿಲ್ಲುತ್ತದೆ, ಕೆಳಗಿನ ತಣ್ಣನೆಯ ನೀರಿನ ಜೊತೆ ಸುಲಭಕ್ಕೆ ಬೆರೆಯುವುದಿಲ್ಲ. ಬಿಸಿಲಿನ ಕಾವೆಲ್ಲ ಆ ಪದರದಲ್ಲೇ ಉಳಿಯುತ್ತದೆ. ಅರಬ್ಬೀ ಸಮುದ್ರದಲ್ಲಿ ಮುಂಗಾರಿನ ಜೋರು ಗಾಳಿ ನೀರನ್ನು ಕಲಕಿ ತಣ್ಣಗೆ ಮಾಡುತ್ತದೆ. ಬಂಗಾಳ ಕೊಲ್ಲಿ ಮಾತ್ರ ಮುಂಗಾರು ಪೂರ್ತಿ ಸುಮಾರು 28 ಡಿಗ್ರಿಗಿಂತ ಬೆಚ್ಚಗೇ ಇರುತ್ತದೆ. ಈ 28 ಡಿಗ್ರಿ ಮುಖ್ಯ. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಸುಲೋಚನಾ ಗಾಡ್ಗೀಳ್ ಮತ್ತು ಜತೆಗಾರರು 1984ರಲ್ಲಿ ತೋರಿಸಿದ್ದು ಇದನ್ನೇ. ನಮ್ಮ ಸಾಗರದ ಮೇಲೆ ದೊಡ್ಡ ಮೋಡದ ರಾಶಿ ಏಳಬೇಕಾದರೆ ನೀರಿನ ಬಿಸಿ ಹೆಚ್ಚುಕಡಿಮೆ 28 ಡಿಗ್ರಿ ದಾಟಬೇಕು.

ಬೆಳಗಾವಿ ನಗರಕ್ಕೆ ವರ್ಷಕ್ಕೆ 1200 ಮಿ.ಮೀ.ಗೂ ಜಾಸ್ತಿ ಮಳೆ. ಅದು ಬಹುಪಾಲು ಅರಬ್ಬೀ ಸಮುದ್ರದ ಮೋಡ ಘಟ್ಟಕ್ಕೆ ಬಡಿದು ಸುರಿಯುವ ಮಳೆ. ವಿಜಯಪುರ, ಬಾಗಲಕೋಟೆಗೆ ಬರುವ ಹೊತ್ತಿಗೆ ಆ ಮೋಡ ಖಾಲಿ. ಅಲ್ಲಿ ಮಳೆ ಬೆಳಗಾವಿಯ ಅರ್ಧದಷ್ಟು. ಅದರಲ್ಲೂ ಒಳ್ಳೆಯ ಪಾಲು ಸೆಪ್ಟೆಂಬರ್, ಅಕ್ಟೋಬರ್‌ನಲ್ಲಿ, ಬಂಗಾಳ ಕೊಲ್ಲಿಯಲ್ಲಿ ಎದ್ದ ವಾಯುಭಾರ ಕುಸಿತಗಳು ಈ ಕಡೆ ಸರಿದಾಗ. ಅಂದರೆ ನಿಮ್ಮ ಹೊಲದ ಹಿಂಗಾರಿಗೆ ಬೇಕಾದ ಕಾವನ್ನು ಕೊಲ್ಲಿಯಲ್ಲಿ ಹಿಡಿದಿಡುವುದರಲ್ಲಿ ಹೊಳೆಗಳ ಸಿಹಿ ನೀರಿಗೆ ದೊಡ್ಡ ಕೈ ಇದೆ. ಹೊಳೆ ನೀರು ಕಡಲಿಗೆ ಸೇರಿದರೆ ಸುಮ್ನೆ ವ್ಯರ್ಥ ಎಂದು ನಾವು ಹೇಳುತ್ತಿರುತ್ತೇವೆ. ಆ ಮಾತನ್ನು ನಾನು ಒಪ್ಪುವುದಿಲ್ಲ.

ಕಡಲ ಆಳದಲ್ಲಿ ಇನ್ನೊಂದು ಹರಿವು ಇದೆ. ಅದು ಬಹಳ ನಿಧಾನ. ಗ್ರೀನ್‌ಲ್ಯಾಂಡ್ ಸುತ್ತ ಮತ್ತು ಅಂಟಾರ್ಕ್ಟಿಕಾ ಅಂಚಿನಲ್ಲಿ ನೀರು ತಣ್ಣಗಾಗಿ, ಉಪ್ಪು ಹೆಚ್ಚಾಗಿ, ಭಾರವಾಗಿ ಕೆಳಗೆ ಇಳಿಯುತ್ತದೆ. ಹಾಗೆ ಇಳಿದ ನೀರು ತಳದಲ್ಲಿ ತೆವಳುತ್ತ ಜಗತ್ತನ್ನೆಲ್ಲ ಸುತ್ತಿ ಮತ್ತೆ ಮೇಲೆ ಬರಲು ಸಾವಿರ ವರ್ಷದ ಆಸುಪಾಸು ಬೇಕು. ಬೆಚ್ಚಗಿನ ಅರಬ್ಬೀ ಸಮುದ್ರದ ಅಡಿಯಲ್ಲೂ ನಾಲ್ಕು ಕಿ.ಮೀ. ಕೆಳಗೆ ನೀರು ಸುಮಾರು 2 ಡಿಗ್ರಿ ಮಾತ್ರ. ಆ ಚಳಿ ದಕ್ಷಿಣ ಧ್ರುವದ ಕಡೆಯಿಂದ ಬಂದದ್ದು. ಇದರ ಪರಿಣಾಮ ಶತಮಾನಗಳ ಲೆಕ್ಕದ್ದು. ಮುಂದಿನ ವರ್ಷದ ತೊಗರಿಗೆ ಇದು ಲೆಕ್ಕಕ್ಕಿಲ್ಲ.

ಇನ್ನು ಎಲ್ ನಿನೊ. ಶಾಂತಸಾಗರದಲ್ಲಿ ಭೂಮಧ್ಯರೇಖೆಗುಂಟ ಗಾಳಿ ಸಾಮಾನ್ಯವಾಗಿ ಪೂರ್ವದಿಂದ ಪಶ್ಚಿಮಕ್ಕೆ ಬೀಸುತ್ತದೆ. ಬೆಚ್ಚಗಿನ ಮೇಲ್ಪದರದ ನೀರನ್ನೆಲ್ಲ ಅದು ಇಂಡೊನೇಷ್ಯಾದ ಕಡೆ ತಳ್ಳಿ ರಾಶಿ ಹಾಕುತ್ತದೆ. ಅಲ್ಲಿಯ ಕಡಲ ಮಟ್ಟ ದಕ್ಷಿಣ ಅಮೆರಿಕದ ಕಡೆಗಿಂತ ಸುಮಾರು ಅರ್ಧ ಮೀಟರ್ ಎತ್ತರ ಇರುತ್ತದೆ. ಪೆರುವಿನ ಕಡೆ ಖಾಲಿಯಾದ ಜಾಗಕ್ಕೆ ಕೆಳಗಿನ ತಣ್ಣೀರು ಏರುತ್ತದೆ. ನಮ್ಮ ಬಂಗುಡೆಯ ಕತೆಯೇ ಅಲ್ಲಿ ಇನ್ನೂ ದೊಡ್ಡದಾಗಿ ನಡೆಯುತ್ತದೆ. ಜಗತ್ತಿನ ಅತಿ ದೊಡ್ಡ ಮೀನುಗಾರಿಕೆಗಳಲ್ಲಿ ಅದೂ ಒಂದು.

ಕೆಲವು ವರ್ಷಗಳಿಗೊಮ್ಮೆ ಈ ಗಾಳಿ ಸೋಲುತ್ತದೆ. ಆಗ ಪಶ್ಚಿಮದಲ್ಲಿ ರಾಶಿ ಬಿದ್ದ ಬೆಚ್ಚಗಿನ ನೀರು ಪೂರ್ವಕ್ಕೆ ಹರಿಯುತ್ತದೆ. ಅಲೆಗಳೇ ಬಿಸಿ ತರುತ್ತವೆಯೇ ಎಂದು ಕೇಳಿದ್ದಿರಿ. ಇಲ್ಲಿ ನಿಜಕ್ಕೂ ಒಂದು ಅಲೆಗೆ ಕೆಲಸ ಇದೆ, ಆದರೆ ದಂಡೆಯಲ್ಲಿ ಕಾಣುವಂಥದ್ದಲ್ಲ. ಬೆಚ್ಚಗಿನ ಪದರ ಮತ್ತು ಅದರ ಕೆಳಗಿನ ತಣ್ಣೀರಿನ ನಡುವಿನ ಗಡಿಯಲ್ಲಿ, ಕಡಲಿನ ಒಳಗೇ, ಸಾವಿರಾರು ಕಿ.ಮೀ. ಉದ್ದದ ಅಲೆ ಓಡುತ್ತದೆ. ವಿಜ್ಞಾನಿಗಳು ಅದನ್ನು ಕೆಲ್ವಿನ್ ಅಲೆ ಎನ್ನುತ್ತಾರೆ. ಎರಡು ತಿಂಗಳ ಆಸುಪಾಸಿನಲ್ಲಿ ಅದು ಶಾಂತಸಾಗರ ದಾಟುತ್ತದೆ. ಅದು ಮುಟ್ಟಿದಾಗ ಪೆರುವಿನ ಕಡೆ ಬೆಚ್ಚಗಿನ ಪದರ ದಪ್ಪವಾಗುತ್ತದೆ. ಕೆಳಗಿನ ತಣ್ಣೀರಿಗೆ ಮೇಲೆ ಬರಲು ಆಗುವುದಿಲ್ಲ. ಕಡಲು ಬಿಸಿಯಾಗುತ್ತದೆ, ಮೀನು ಸಿಗುವುದಿಲ್ಲ. ಇದೇ ಎಲ್ ನಿನೊ.

ಆ ಬಿಸಿ ನೀರು ಇಂಡಿಗೆ ಬರುವುದಿಲ್ಲ. ಇಲ್ಲಿಗೆ ತಲುಪುವುದು ಗಾಳಿಯ ಮೂಲಕ. ಬೆಚ್ಚಗಿನ ನೀರು ಇದ್ದಲ್ಲಿ ಗಾಳಿ ಮೇಲೇಳುತ್ತದೆ, ಮೋಡ ಕಟ್ಟುತ್ತದೆ, ಮಳೆಯಾಗುತ್ತದೆ. ಒಂದು ಕಡೆ ಮೇಲೆದ್ದ ಗಾಳಿ ಇನ್ನೊಂದು ಕಡೆ ಕೆಳಗಿಳಿಯಲೇಬೇಕು. ಇಳಿಯುವ ಗಾಳಿ ಒಣ, ಅಲ್ಲಿ ಮೋಡ ಏಳುವುದಿಲ್ಲ. ಮಾಮೂಲಿ ವರ್ಷಗಳಲ್ಲಿ ಗಾಳಿ ಮೇಲೇಳುವ ಜಾಗ ಇಂಡೊನೇಷ್ಯಾದ ಸುತ್ತ, ನಮಗೆ ಹತ್ತಿರ. ಎಲ್ ನಿನೊ ವರ್ಷದಲ್ಲಿ ಬೆಚ್ಚಗಿನ ನೀರಿನ ಹಿಂದೆಯೇ ಆ ಜಾಗ ಪೂರ್ವಕ್ಕೆ, ಶಾಂತಸಾಗರದ ನಡುವಿಗೆ ಸರಿಯುತ್ತದೆ. ಇಳಿಯುವ ಗಾಳಿಯ ಜಾಗ ನಮ್ಮ ನೆತ್ತಿಯ ಕಡೆಗೆ ಬರುತ್ತದೆ. ಮುಂಗಾರು ಸೊರಗುತ್ತದೆ. ಅಷ್ಟೇ ಸಂಬಂಧ, ಆದರೆ ಆ ಸಂಬಂಧ ತಿಳಿಯಲು ನೂರು ವರ್ಷ ಬೇಕಾಯಿತು.

ಆ ನೂರು ವರ್ಷದಲ್ಲಿ ನಮ್ಮ ಜನರ ಕಣ್ಣೀರೂ ಸೇರಿದೆ. 1876ರಲ್ಲಿ ಇಲ್ಲಿ ಮುಂಗಾರು ಕೈಕೊಟ್ಟಿತು. 1877ರಲ್ಲಿ ಶಾಂತಸಾಗರದಲ್ಲಿ ಭಾರೀ ಎಲ್ ನಿನೊ. ಆಗ ಇಂದಿನ ವಿಜಯಪುರ, ಬಾಗಲಕೋಟೆ ಜಿಲ್ಲೆಗಳ ಬಹುಪಾಲು ಕಲಾದಗಿ ಜಿಲ್ಲೆಯಲ್ಲಿತ್ತು. ಮುಂಬೈ ಪ್ರಾಂತದಲ್ಲಿ ಆ ಬರಕ್ಕೆ ಅತಿ ಹೆಚ್ಚು ನಲುಗಿದ ಜಿಲ್ಲೆಗಳಲ್ಲಿ ಅದೂ ಒಂದು. 1872ರ ಜನಗಣತಿಗೆ ಹೋಲಿಸಿದರೆ 1881ರಲ್ಲಿ ಅಲ್ಲಿಯ ಜನಸಂಖ್ಯೆ ಬೆಳೆಯುವ ಬದಲು ಕುಸಿದಿತ್ತು. 1899ರಲ್ಲಿ ದೇಶಕ್ಕೆ ಮತ್ತೊಂದು ದೊಡ್ಡ ಬರ. ಮಳೆ ಕೈಕೊಡುವುದನ್ನು ಮೊದಲೇ ತಿಳಿಯಲಾಗದೇ ಎಂಬ ಪ್ರಶ್ನೆ ಎದ್ದದ್ದು ಆ ಸಾವುಗಳ ನಡುವೆ. 1904ರಲ್ಲಿ ಗಣಿತಜ್ಞ ಗಿಲ್ಬರ್ಟ್ ವಾಕರ್ ಭಾರತದ ಹವಾಮಾನ ಇಲಾಖೆಯ ಮುಖ್ಯಸ್ಥರಾದರು. ಜಗತ್ತಿನ ನಾನಾ ಕಡೆಯ ವಾಯುಭಾರದ ಅಂಕಿಗಳನ್ನು ಕಂಪ್ಯೂಟರ್ ಇಲ್ಲದ ಕಾಲದಲ್ಲಿ ಇಲಾಖೆಯ ಭಾರತೀಯ ಗುಮಾಸ್ತರ ಕೈಲಿ ಲೆಕ್ಕ ಹಾಕಿಸಿದರು. ಶಾಂತಸಾಗರದ ಒಂದು ಬದಿ ವಾಯುಭಾರ ಏರಿದಾಗ ಹಿಂದೂ ಮಹಾಸಾಗರದ ಕಡೆ ಇಳಿಯುತ್ತದೆ ಎಂಬುದು ಅವರಿಗೆ ಸಿಕ್ಕಿತು. ಅದಕ್ಕೂ ಕಡಲಿನ ಬಿಸಿಗೂ ಗಂಟು ಹಾಕಿದ್ದು 1969ರಲ್ಲಿ ಹವಾಮಾನ ವಿಜ್ಞಾನಿ ಜೇಕಬ್ ಬ್ಯರ್ಕ್ನೆಸ್. ಇವತ್ತು ಟಿ.ವಿ.ಯಲ್ಲಿ ಸಲೀಸಾಗಿ ಕೇಳುವ ಮಾತಿನ ಹಿಂದೆ ನಮ್ಮ ನೆಲದ ಬರ ಇದೆ.

ಆದರೆ ಎಲ್ ನಿನೊ ಬಂದರೆ ಬರ ಖಂಡಿತ ಎಂದು ತಿಳಿಯಬೇಡಿ. 1997ರಲ್ಲಿ ಆ ಶತಮಾನದ ಅತಿ ಬಲವಾದ ಎಲ್ ನಿನೊಗಳಲ್ಲೊಂದು ಬಂತು. ದೇಶದ ಮುಂಗಾರು ಮಾತ್ರ ಸರಾಸರಿಯ 102 ಶೇಕಡಾ. ಕಾರಣ ಹುಡುಕಿದಾಗ ಸಿಕ್ಕಿದ್ದು ನಮ್ಮ ಸಾಗರದ್ದೇ ಇನ್ನೊಂದು ಆಟ. ಕೆಲವು ವರ್ಷ ಹಿಂದೂ ಮಹಾಸಾಗರದ ಪಶ್ಚಿಮ ಭಾಗ, ಆಫ್ರಿಕಾ ಕಡೆ, ಬೆಚ್ಚಗಾಗುತ್ತದೆ. ಸುಮಾತ್ರಾ ಕಡೆ ತಣ್ಣಗಾಗುತ್ತದೆ. ಅಂಥ ವರ್ಷ ನಮ್ಮ ಮುಂಗಾರಿಗೆ ಬಲ ಸಿಗಬಹುದು. ಇದನ್ನು ಡೈಪೋಲ್ ಎನ್ನುತ್ತಾರೆ. 1999ರಲ್ಲಿ ಇದನ್ನು ವಿವರಿಸಿದವರು ಸಾಜಿ, ಗೋಸ್ವಾಮಿ, ವಿನಯಚಂದ್ರನ್ ಮತ್ತು ಜಪಾನಿನ ಯಮಗಾತಾ.

2019ರಲ್ಲಿ ಈ ಡೈಪೋಲ್ ದಾಖಲೆಗೆ ಸಿಕ್ಕ ಬಲವಾದವುಗಳಲ್ಲಿ ಒಂದಾಗಿತ್ತು. ದೇಶಕ್ಕೆ ಸರಾಸರಿಯ 110 ಶೇಕಡಾ ಮಳೆ. ಆ ಆಗಸ್ಟ್‌ನಲ್ಲಿ ಕೃಷ್ಣೆ, ಘಟಪ್ರಭೆ, ಮಲಪ್ರಭೆ ಬೆಳಗಾವಿ, ಬಾಗಲಕೋಟೆಯ ಊರುಗಳಿಗೆ ನುಗ್ಗಿದ್ದನ್ನು ನಾವೆಲ್ಲ ಕಂಡಿದ್ದೇವೆ. ಆ ನೆರೆಗೆ ಡೈಪೋಲ್ ಒಂದೇ ಕಾರಣ ಎನ್ನುವುದು ಸರಿಯಲ್ಲ. ಘಟ್ಟದ ಮೇಲೆ ಕೆಲವೇ ದಿನಗಳಲ್ಲಿ ಸುರಿದ ಮಳೆ ಅದು. 2023ರಲ್ಲಿ ಎಲ್ ನಿನೊ ಇತ್ತು, ಡೈಪೋಲ್ ತಡವಾಗಿ ಬಲಗೊಂಡಿತು. ಆ ವರ್ಷದ ಆಗಸ್ಟ್ 1901ರಿಂದೀಚೆಗೆ ದೇಶ ಕಂಡ ಅತಿ ಒಣ ಆಗಸ್ಟ್. ದೇಶದ ಒಟ್ಟು ಮುಂಗಾರು 94 ಶೇಕಡಾ ಇತ್ತು, ಕೇಳಲು ಅಷ್ಟೇನೂ ಕೆಟ್ಟದಲ್ಲ. ಆದರೆ ಕರ್ನಾಟಕದಲ್ಲಿ 200ಕ್ಕೂ ಹೆಚ್ಚು ತಾಲ್ಲೂಕುಗಳನ್ನು ಬರಪೀಡಿತ ಎಂದು ಘೋಷಿಸಬೇಕಾಯಿತು. ದೇಶದ ಸರಾಸರಿ ನಿಮ್ಮ ಹೊಲದ ಮಳೆಯಲ್ಲ.

ಇದನ್ನೆಲ್ಲ ಈಗ ಅಳೆಯುವುದು ಹೇಗೆ ಎಂದು ಮಕ್ಕಳು ಕೇಳಿದರೆ ಆರ್ಗೊ ತೇಲುಗಳ ಬಗ್ಗೆ ಹೇಳಿ. ಸುಮಾರು 4000 ಉಪಕರಣಗಳು ಜಗತ್ತಿನ ಕಡಲುಗಳಲ್ಲಿ 1000 ಮೀಟರ್ ಆಳದಲ್ಲಿ ಪ್ರವಾಹದ ಜೊತೆ ಸಾಗುತ್ತಿರುತ್ತವೆ. ಹತ್ತು ದಿನಕ್ಕೊಮ್ಮೆ 2000 ಮೀಟರಿಗೆ ಇಳಿದು, ಅಲ್ಲಿಂದ ಬಿಸಿ ಮತ್ತು ಉಪ್ಪು ಅಳೆಯುತ್ತ ಮೇಲೆ ಬಂದು, ಉಪಗ್ರಹಕ್ಕೆ ಅಂಕಿ ಕಳಿಸಿ, ಮತ್ತೆ ಮುಳುಗುತ್ತವೆ. ಭಾರತವೂ ನಮ್ಮ ಸಾಗರದಲ್ಲಿ ಇಂಥವನ್ನು ಬಿಡುತ್ತಾ ಬಂದಿದೆ. ಅಂಕಿಗಳು ಎಲ್ಲರಿಗೂ ಪುಕ್ಕಟೆ ಸಿಗುತ್ತವೆ.

ಕೊನೆಗೆ, ಈ ಸುದ್ದಿಯನ್ನು ಯಾವಾಗ ಎಷ್ಟು ನಂಬಬೇಕು? ಫೆಬ್ರುವರಿ, ಮಾರ್ಚ್‌ನಲ್ಲಿ ಎಲ್ ನಿನೊ ಬರುತ್ತಂತೆ ಎಂಬ ಸುದ್ದಿಗೆ ಹೆದರಿ ಬೆಳೆ ಬದಲಿಸಬೇಡಿ. ಆ ತಿಂಗಳುಗಳಲ್ಲಿ ಶಾಂತಸಾಗರದ ಮುನ್ಸೂಚನೆ ಎಲ್ಲಕ್ಕಿಂತ ದುರ್ಬಲ. ಮೇ ಕಳೆದ ಮೇಲೆ ಚಿತ್ರ ಸ್ಪಷ್ಟವಾಗುತ್ತ ಹೋಗುತ್ತದೆ. ಹವಾಮಾನ ಇಲಾಖೆ ಏಪ್ರಿಲ್ ಮಧ್ಯದಲ್ಲಿ ಮುಂಗಾರಿನ ಮೊದಲ ಮುನ್ಸೂಚನೆ ಕೊಡುತ್ತದೆ, ಮೇ ಕೊನೆಗೆ ತಿದ್ದುತ್ತದೆ, ಜುಲೈ ಕೊನೆಗೆ ಆಗಸ್ಟ್–ಸೆಪ್ಟೆಂಬರ್‌ನದ್ದು ಬೇರೆ ಕೊಡುತ್ತದೆ. ಜೂನ್, ಜುಲೈನಲ್ಲಿ ತೊಗರಿ ಬಿತ್ತುವಾಗ ಮೇ ಕೊನೆಯದ್ದನ್ನು ನೋಡಿ. ಹಿಂಗಾರಿ ಜೋಳ, ಕಡಲೆಗೆ ಹೊಲ ಹದ ಮಾಡುವಾಗ ಜುಲೈ ಕೊನೆಯದ್ದನ್ನು, ಜೊತೆಗೆ ಬಂಗಾಳ ಕೊಲ್ಲಿಯ ಸುದ್ದಿಯನ್ನು. ಇವು ದೊಡ್ಡ ಪ್ರದೇಶದ ಲೆಕ್ಕಗಳು. ಬಿತ್ತನೆ, ಔಷಧ ಸಿಂಪಡಣೆಯ ದಿನ ಗೊತ್ತು ಮಾಡಲು ಕೃಷಿ ವಿಶ್ವವಿದ್ಯಾಲಯಗಳ ಜೊತೆ ಸೇರಿ ಹವಾಮಾನ ಇಲಾಖೆ ಪ್ರತಿ ಮಂಗಳವಾರ ಮತ್ತು ಶುಕ್ರವಾರ ಹೊರಡಿಸುವ ಕೃಷಿ ಹವಾಮಾನ ಸಲಹೆಯೇ ಆಗಬೇಕು. ಅದು ಕನ್ನಡದಲ್ಲಿ, ಜಿಲ್ಲೆವಾರು ಸಿಗುತ್ತದೆ. ಶಾಲೆಯ ಸೂಚನಾ ಫಲಕದಲ್ಲಿ ಅದನ್ನು ಮಕ್ಕಳ ಕೈಯಿಂದಲೇ ಬರೆಸಿದರೆ ಮನೆಮನೆಗೂ ಮುಟ್ಟುತ್ತದೆ.